ಸ್ವಂತ ಖರ್ಚು, ಎರವಲು ಹಾಡು

ಪಂಕ್ ಸಂಗೀತದ ಕಥೆ ಹೇಳುವವರು ಹರಿದ ಅಂಗಿ, ಕಿವಿಗೆ ಚುಚ್ಚಿಕೊಂಡ ಸೇಫ್ಟಿ ಪಿನ್ನು, ಬಣ್ಣ ಬಳಿದ ಜುಟ್ಟಿನಿಂದ ಶುರುಮಾಡುತ್ತಾರೆ. ಅದನ್ನು ಜಮಾಖರ್ಚಿನ ಪುಸ್ತಕದಿಂದ ಶುರುಮಾಡುವುದು ವಾಸಿ. 1976ರಲ್ಲಿ ಲಂಡನ್ನಿನಲ್ಲಿ ಎಲ್ಲರ ಬಾಯಲ್ಲಿದ್ದ ಸೆಕ್ಸ್ ಪಿಸ್ಟಲ್ಸ್ ತಂಡದ ಮೊದಲ ರೆಕಾರ್ಡು ಹೊರತಂದದ್ದು ಇಎಂಐ ಎಂಬ ಭಾರಿ ಕಂಪನಿ. ಮರುವರ್ಷ ಕ್ಲ್ಯಾಶ್ ತಂಡ ಸಿಬಿಎಸ್ ಕಂಪನಿಯ ಕರಾರಿಗೆ ಸಹಿ ಹಾಕಿತು. ಕಂಪನಿಗಳನ್ನು ಬೈಯುವ ಹಾಡನ್ನು ಕಂಪನಿಗಳೇ ಮಾರಿದವು. ಬೇರೆ ದಾರಿ ತೆರೆದದ್ದು ಮ್ಯಾಂಚೆಸ್ಟರಿನಲ್ಲಿ. ಅಲ್ಲಿನ ಬಜ್‌ಕಾಕ್ಸ್ ಹುಡುಗರು 500 ಪೌಂಡು ಸಾಲ ಎತ್ತಿ, 1976ರ ಡಿಸೆಂಬರಿನಲ್ಲಿ ನಾಲ್ಕು ಹಾಡು ರೆಕಾರ್ಡು ಮಾಡಿ, ಮರುತಿಂಗಳೇ ತಾವೇ ಹುಟ್ಟುಹಾಕಿದ ಲೇಬಲ್ಲಿನಲ್ಲಿ ಸಾವಿರ ಪ್ರತಿ ಒತ್ತಿಸಿದರು. ಸಾವಿರ ಪ್ರತಿ ಸಾಲದೆ ಮತ್ತೆ ಮತ್ತೆ ಒತ್ತಿಸಬೇಕಾಯಿತು. ಅದೇ 1977ರಲ್ಲಿ ಡೆಸ್ಪರೇಟ್ ಬೈಸಿಕಲ್ಸ್ ಎಂಬ ತಂಡ ತನ್ನ ಮೊದಲ ರೆಕಾರ್ಡಿಗೆ ತಗುಲಿದ್ದು 153 ಪೌಂಡು ಮಾತ್ರ ಎಂದು ಊರಿಗೆಲ್ಲ ಸಾರಿತು. 1978ರಲ್ಲಿ ಸ್ಕ್ರಿಟಿ ಪೊಲಿಟಿ ತಂಡ ಸ್ಟುಡಿಯೋ ಬಾಡಿಗೆಯಿಂದ ಲೇಬಲ್ ಮುದ್ರಣದವರೆಗಿನ ಖರ್ಚಿನ ಪಟ್ಟಿಯನ್ನೇ ಹೊದಿಕೆಯ ಮೇಲೆ ಅಚ್ಚು ಹಾಕಿಸಿತು. ಇಷ್ಟು ದುಡ್ಡಿದ್ದರೆ ನೀವೂ ಮಾಡಬಹುದು, ನಮ್ಮನ್ನು ನೋಡುತ್ತ ಕೂರಬೇಡಿ ಎಂಬುದು ಅದರ ಇಂಗಿತ. 1980ರಲ್ಲಿ ವಾಷಿಂಗ್ಟನ್ನಿನಲ್ಲಿ ಶುರುವಾದ ಡಿಸ್ಕಾರ್ಡ್ ರೆಕಾರ್ಡ್ಸ್, ಆ ಬಳಗದ ಫುಗಾಜಿ ತಂಡ ಐದು ಡಾಲರ್ ಟಿಕೆಟ್ಟಿನಲ್ಲಿ ಎಲ್ಲ ವಯಸ್ಸಿನವರನ್ನೂ ಒಳಗೆ ಬಿಟ್ಟುಕೊಂಡು ನಡೆಸಿದ ಕಛೇರಿಗಳು, ಎಲ್ಲವೂ ಈ ಸಾಲಿನವೇ. ಗದ್ದಲ, ವೇಷ, ಬೈಗುಳ ಕಳೆದರೆ ಉಳಿಯುವುದು ಎರಡು ಸಂಗತಿ: ಖರ್ಚು ಯಾರದು, ಮಾತು ಯಾರದು. ಎರಡೂ ಹಾಡುವವರದೇ ಆಗಿದ್ದರೆ ಅದು ಸ್ವಂತ ಸಂಗೀತ.

ಈ ಎರಡು ಪ್ರಶ್ನೆ ಹಿಡಿದುಕೊಂಡು ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿಯ ತೆಂಗಿನ ಸೀಮೆಗೆ ಬಂದರೆ ಮೊದಲು ಸಿಗುವ ಉತ್ತರ ನಿರಾಸೆಯದು. ಗ್ಯಾರೇಜಿನಲ್ಲಿ ಗಿಟಾರು ಹಿಡಿದು ಕಿರುಚುವ ಹುಡುಗರು ಇಲ್ಲಿ ಹೆಸರು ಮಾಡಿಲ್ಲ. ತಿಪಟೂರಿನ ಸತ್ಯಗಣಪತಿ ಉತ್ಸವದಂಥ ಕಡೆ ವೇದಿಕೆ ಏರುವುದು ರಸಮಂಜರಿಯ ಆರ್ಕೆಸ್ಟ್ರಾ, ಅದು ಹಾಡುವುದು ಸಿನಿಮಾ ಹಾಡು. ಇಷ್ಟಕ್ಕೇ ನಿಂತು, ಇದು ಕೊಬ್ಬರಿ ಮಂಡಿಯ ಊರು, ಇಲ್ಲೆಲ್ಲಿಯ ಭೂಗತ ಸಂಗೀತ ಎಂದುಬಿಡುವವರುಂಟು. ಅವರು ಹುಡುಕುತ್ತಿರುವುದು ಗಿಟಾರನ್ನು. ಖರ್ಚು ಯಾರದು ಎಂದು ಹುಡುಕಿದ್ದರೆ, ಇಂಗ್ಲೆಂಡಿನ ಹುಡುಗರು 1977ರಲ್ಲಿ ಹೊಸದಾಗಿ ಕಂಡುಕೊಂಡ ಕ್ರಮ ಈ ಸೀಮೆಯ ರಾಮಮಂದಿರಗಳಲ್ಲಿ, ಭಜನೆಮನೆಗಳಲ್ಲಿ ಅದಕ್ಕೆ ಎಷ್ಟೋ ಮೊದಲಿನಿಂದ, ಯಾರೂ ಹೆಮ್ಮೆಪಡದೆ, ನಡೆದುಕೊಂಡು ಬರುತ್ತಿದ್ದದ್ದು ಕಾಣುತ್ತಿತ್ತು. ಅದರ ಹೆಸರು ಪೌರಾಣಿಕ ನಾಟಕ.

ತುಮಕೂರು, ಮಂಡ್ಯ, ಹಾಸನದ ಹಳ್ಳಿಗಳಲ್ಲಿ ಕುರುಕ್ಷೇತ್ರ ನಾಟಕ ಹೇಗೆ ಏಳುತ್ತದೆ ಎಂಬುದನ್ನು ಹತ್ತಿರದಿಂದ ನೋಡಬೇಕು. ಹಬ್ಬ ಅಥವಾ ಜಾತ್ರೆಗೆ ಮೂರು ನಾಲ್ಕು ತಿಂಗಳಿರುವಾಗ ಹತ್ತಿಪ್ಪತ್ತು ಜನ ಸೇರಿ ಹಾರ್ಮೋನಿಯಂ ಮೇಷ್ಟ್ರನ್ನು ಗೊತ್ತುಮಾಡುತ್ತಾರೆ. ಮೊದಲ ಕೆಲಸ ಪಾತ್ರ ಹಂಚಿಕೆ, ಎರಡನೆಯದು ಪಾತ್ರಕ್ಕಿಷ್ಟು ಎಂದು ದುಡ್ಡು ಕಟ್ಟುವುದು. ದುರ್ಯೋಧನ, ಕೃಷ್ಣ, ಭೀಮನಿಗೆ ಹೆಚ್ಚು, ವಿದುರನಿಗೆ ಕಡಿಮೆ, ಸೈನಿಕನಿಗೆ ಇನ್ನೂ ಕಡಿಮೆ. ಅಂದರೆ ಇಲ್ಲಿ ನಟನಿಗೆ ಸಂಬಳವಿಲ್ಲ, ನಟನೇ ದುಡ್ಡು ಕೊಟ್ಟು ಪಾತ್ರ ಹಾಕುತ್ತಾನೆ. ಹಗಲು ಕಾಯಿ ಸುಲಿದು, ಹಾಲಿನ ಡೇರಿಗೆ ಹೋಗಿಬಂದು, ಅಂಗಡಿ ಬಾಗಿಲು ಹಾಕಿದ ಮೇಲೆ ರಾತ್ರಿ ತಾಲೀಮು. ಸ್ವರಲಿಪಿಯ ಪ್ರಶ್ನೆಯೇ ಇಲ್ಲ. ಯಾರ ಗಂಟಲಿಗೆ ಎಷ್ಟನೇ ಮನೆಯ ಶ್ರುತಿ ಹಿಡಿಸುತ್ತದೆ ಎಂದು ಮೇಷ್ಟ್ರು ಒಂದೆರಡು ದಿನದಲ್ಲಿ ಕಂಡುಕೊಂಡು, ಕಂದಪದ್ಯವನ್ನು ಸಾಲುಸಾಲಾಗಿ ಬಾಯಿಗೆ ಕೂರಿಸುತ್ತಾರೆ. ಮೋಹನ, ಹಿಂದೋಳ, ಸಿಂಧುಭೈರವಿ ಎಂಬ ಹೆಸರುಗಳು ಶಾಸ್ತ್ರ ಓದದವರ ನಾಲಿಗೆಯ ಮೇಲೂ ಆಡುತ್ತವೆ. ಸೀನರಿ, ಕಿರೀಟ, ಗದೆ, ಆಭರಣ, ಮೈಕ್‌ಸೆಟ್ಟು ಬಾಡಿಗೆಗೆ ಬರುತ್ತವೆ. ಕರಪತ್ರ ಅಚ್ಚಾಗುತ್ತದೆ. ಶ್ರೀಕೃಷ್ಣ ಸಂಧಾನ ಅಥವಾ ಕುರುಕ್ಷೇತ್ರ ಎಂದು ಮೇಲೆ ದಪ್ಪಕ್ಷರ, ಕೆಳಗೆ ಪಾತ್ರಧಾರಿಗಳ ಪಾಸ್‌ಪೋರ್ಟ್ ಫೋಟೊಗಳ ಸಾಲು. ಆ ರಾತ್ರಿ ಊರಿಗೆ ಊರೇ ಚಾಪೆ ಹಾಸಿ ಕೂರುತ್ತದೆ, ಟಿಕೆಟ್ಟಿಲ್ಲ. ದುರ್ಯೋಧನ ಹಾಡುತ್ತಿರುವಾಗಲೇ ಅವನ ನೆಂಟರು ವೇದಿಕೆ ಹತ್ತಿ ಹಾರ ಹಾಕುತ್ತಾರೆ, ಉಂಗುರ ತೊಡಿಸುತ್ತಾರೆ. ಯುದ್ಧ ಸ್ವಲ್ಪ ಹೊತ್ತು ಕಾಯುತ್ತದೆ.

ಇದರ ಹಿಂದಿರುವ ದುಡ್ಡು ತೆಂಗಿನದು. ದೇಶದ ದೊಡ್ಡ ಕೊಬ್ಬರಿ ಮಾರುಕಟ್ಟೆಗಳಲ್ಲಿ ಒಂದು ತಿಪಟೂರಿನದು. ಹೆಚ್ಚುಕಡಿಮೆ ವರ್ಷವಿಡೀ ಅಟ್ಟದ ಮೇಲೆ ಒಣಗಿದ ಉಂಡೆ ಕೊಬ್ಬರಿ ಅಲ್ಲಿ ಹರಾಜಿಗೆ ಬರುತ್ತದೆ. 2023ರಲ್ಲಿ ಕೇಂದ್ರ ಸರ್ಕಾರ ಕ್ವಿಂಟಲ್‌ಗೆ 11,750 ರೂಪಾಯಿ ಬೆಂಬಲ ಬೆಲೆ ಕಟ್ಟಿದ್ದಾಗ ಮಾರುಕಟ್ಟೆಯಲ್ಲಿ ಅದು 8 ಸಾವಿರದ ಆಸುಪಾಸಿಗೆ ಬಿದ್ದು ರೈತರು ಧರಣಿ ಕೂತರು. 2025ರಲ್ಲಿ ಅದೇ ಕೊಬ್ಬರಿ 25 ಸಾವಿರ ದಾಟಿತು. ಇಂಥ ಏರಿಳಿತದ ಮೇಲೆ ನಿಂತ ಕಲೆಯ ಖರ್ಚನ್ನು ಯಾವ ಬ್ಯಾಂಕೂ ಕಂಪನಿಯೂ ಹೊತ್ತಿಲ್ಲ ಎಂಬುದನ್ನು ಗಮನಿಸಬೇಕು. ಕೊಬ್ಬರಿ ಬಿದ್ದ ವರ್ಷ ಪಾತ್ರದ ದುಡ್ಡು ಹೊಂದಿಸುವುದು ಕಷ್ಟ, ನಿಜ. ಆದರೆ ಪ್ರಾಯೋಜಕ ಕೈಬಿಟ್ಟನೆಂದು ನಾಟಕ ನಿಲ್ಲುವ ಭಯವೂ ಇಲ್ಲ, ಏಕೆಂದರೆ ಪ್ರಾಯೋಜಕನೇ ಇಲ್ಲ. ಅಮೆರಿಕ, ಇಂಗ್ಲೆಂಡಿನ ಪಂಕ್ ಕ್ಲಬ್ಬುಗಳಲ್ಲಿ ಎಷ್ಟೋ ಬಾಡಿಗೆ ಏರಿದ್ದಕ್ಕೋ ಮಾಲೀಕ ಜಾಗ ಮಾರಿದ್ದಕ್ಕೋ ಬಾಗಿಲು ಹಾಕಿದವು. ರಾಮಮಂದಿರಕ್ಕೆ ಬಾಡಿಗೆಯಿಲ್ಲ. ಖರ್ಚು ಯಾರದು ಎಂಬ ಪರೀಕ್ಷೆಯಲ್ಲಿ ತೆಂಗಿನ ಸೀಮೆ ಮ್ಯಾಂಚೆಸ್ಟರಿಗಿಂತ ಒಂದು ಕೈ ಮೇಲೆ ಎಂದೇ ನನ್ನ ಎಣಿಕೆ.

ಎರಡನೆಯ ಪರೀಕ್ಷೆಯಲ್ಲಿ ಅದು ಪೂರ್ತಿ ಸೋಲುತ್ತದೆ. ಇಷ್ಟು ಜನ ಇಷ್ಟು ದುಡ್ಡು, ನಿದ್ದೆ, ಗಂಟಲು ಸುರಿದು ಆಡುವ ನಾಟಕದಲ್ಲಿ ಅವರ ಸ್ವಂತದ್ದು ಎಂಬ ಒಂದು ಪದ್ಯವೂ ಇಲ್ಲ. ಮಾತು ಅಚ್ಚಾದ ಪುಸ್ತಕದ್ದು, ಮಟ್ಟು ಕಂಪನಿ ನಾಟಕದ್ದು ಅಥವಾ ಸಿನಿಮಾದ್ದು. ಇದು ಕಲ್ಪನೆಯ ಬಡತನವೆಂದು ನಾನು ಒಪ್ಪುವುದಿಲ್ಲ, ಕಾರಣ ಜಮಾಖರ್ಚಿನಲ್ಲೇ ಇದೆ. ಪಾತ್ರಕ್ಕೆ ದುಡ್ಡು ಕೊಟ್ಟವನು ಕೊಂಡುಕೊಳ್ಳುವುದು ನೆಂಟರಿಷ್ಟರ ಮುಂದೆ ಒಂದು ರಾತ್ರಿಯ ದೊಡ್ಡಸ್ತಿಕೆಯನ್ನು. ಆ ದೊಡ್ಡಸ್ತಿಕೆ ದಕ್ಕಬೇಕಾದರೆ ನೋಡುವವರಿಗೆ ಪದ್ಯ ಮೊದಲೇ ಗೊತ್ತಿರಬೇಕು. ಎಲ್ಲಿ ದನಿ ಏರಬೇಕು, ಹೋದ ವರ್ಷ ಪಕ್ಕದೂರಿನವನು ಎಲ್ಲಿ ತಪ್ಪಿದ, ಇವನು ಎಲ್ಲಿ ಗೆದ್ದ ಎಂಬ ತೂಕ ಹಾಕಲು ಅಳತೆಗೋಲು ಬೇಕು. ಹಳೆಯ ಪದ್ಯವೇ ಆ ಅಳತೆಗೋಲು. ಹೊಸ ಹಾಡು ಕಟ್ಟಿ ಹಾಡಿದವನನ್ನು ಯಾರ ಪಕ್ಕ ಇಟ್ಟು ನೋಡುವುದು? ಒನ್ಸ್ ಮೋರ್ ಕೂಗುವವನಿಗೆ ಆ ಸಾಲು ಮೊದಲೇ ಬಾಯಿಗೆ ಬಂದಿರುತ್ತದೆ. ಹೀಗೆ ಖರ್ಚಿನ ಸ್ವಾತಂತ್ರ್ಯವೇ ಮಾತಿನ ಸ್ವಾತಂತ್ರ್ಯವನ್ನು ಕಟ್ಟಿಹಾಕಿದೆ. ಬೇರೆಯವರ ದುಡ್ಡಾಗಿದ್ದರೆ ಒಂದು ಪ್ರಯೋಗ ಮಾಡಿ ನೋಡೋಣ ಎನ್ನಬಹುದಿತ್ತೇನೋ. ತನ್ನದೇ ಕೊಬ್ಬರಿ ಮಾರಿದ ದುಡ್ಡಿನಲ್ಲಿ ಯಾರೂ ಸೋಲಲು ಬಯಸುವುದಿಲ್ಲ.

ಸಂಪ್ರದಾಯದ ಕಲೆಗೆ ಹೊಸ ಹಾಡಿನ ಅಳತೆ ಹಿಡಿಯುವುದೇ ಅನ್ಯಾಯ ಎಂದು ತಕರಾರು ಬರುತ್ತದೆ. ಸಂಪ್ರದಾಯವೆಂದು ಇಲ್ಲಿ ಕರೆಯುತ್ತಿರುವುದರ ವಯಸ್ಸು ನೋಡೋಣ. ಪಕ್ಕದ ಗುಬ್ಬಿಯಲ್ಲಿ ಚನ್ನಬಸವೇಶ್ವರ ನಾಟಕ ಸಂಘ ಹುಟ್ಟಿದ್ದು 1884ರಲ್ಲಿ. ಗುಬ್ಬಿ ವೀರಣ್ಣನವರ ಕೈಯಲ್ಲಿ ಅದು ಆನೆ ಕುದುರೆಗಳನ್ನೇ ರಂಗಕ್ಕೆ ತಂದು ಕುರುಕ್ಷೇತ್ರ ಆಡಿತು. ಸಿನಿಮಾ ಬಂದು ಕಂಪನಿಗಳು ಸೊರಗಿದಾಗ ಆ ಮಟ್ಟು, ಸೀನರಿ, ವೇಷದ ಪೆಟ್ಟಿಗೆಗಳೆಲ್ಲ ಹಳ್ಳಿಗೆ ಇಳಿದವು. ಅಂದರೆ ಹಳ್ಳಿಯವರು ಅಂದಿನ ಜನಪ್ರಿಯ ವ್ಯಾಪಾರಿ ಕಲೆಯನ್ನು ಎತ್ತಿಕೊಂಡು ಸ್ವಂತ ಖರ್ಚಿಗೆ ಒಗ್ಗಿಸಿಕೊಂಡರು. ಅದಕ್ಕೂ ಮೊದಲು ಇಲ್ಲಿದ್ದದ್ದು ಮೂಡಲಪಾಯ ಯಕ್ಷಗಾನ. ಮುಖವೀಣೆ, ಮದ್ದಳೆ, ತಾಳ, ಭಾಗವತ, ಅಗಲ ಕಿರೀಟ, ಬೆಳ್ಳಂಬೆಳಗಿನ ತನಕ ಕುಣಿತ. ಪ್ರೊಫೆಸರ್ ಜೀ.ಶಂ. ಪರಮಶಿವಯ್ಯನವರು ಅದರ ಬೆನ್ನು ಹತ್ತಿ ಊರೂರು ಅಲೆಯದಿದ್ದರೆ ಕರಾವಳಿಯ ಯಕ್ಷಗಾನದ ಬೆಳಕಿನಲ್ಲಿ ಮೂಡಲಪಾಯದ ಹೆಸರೂ ಉಳಿಯುತ್ತಿತ್ತೋ ಇಲ್ಲವೋ. ತಿಪಟೂರು ತಾಲ್ಲೂಕಿನ ಅರಳಗುಪ್ಪೆಯಂಥ ಊರುಗಳಲ್ಲಿ ಅದರ ತಂಡಗಳು ನಿಂತದ್ದೂ ಊರವರ ಖರ್ಚಿನಲ್ಲೇ. ಗಮನಿಸಬೇಕಾದದ್ದು ಅದರ ಅತಿ ಜನಪ್ರಿಯ ಪ್ರಸಂಗ ಯಾವುದು ಎಂಬುದನ್ನು: ಕರಿಭಂಟನ ಕಾಳಗ. ಅದು ರಾಮಾಯಣದ್ದಲ್ಲ, ಮಹಾಭಾರತದ್ದಲ್ಲ, ಈ ನೆಲದಲ್ಲೇ ಹುಟ್ಟಿದ ಕಥೆ. ಯಾರೋ ಊರಿನ ಕವಿ, ತನ್ನ ಸೀಮೆಯ ಐತಿಹ್ಯ ಹಿಡಿದು, ಹೊಸದಾಗಿ ಕಟ್ಟಿದ್ದಿರಬೇಕು. ಸಂಪ್ರದಾಯ ಎಂದು ನಾವು ಇಂದು ಕೈಮುಗಿಯುವುದು ಒಂದು ಕಾಲಕ್ಕೆ ಹೊಸ ಹಾಡು ಕಟ್ಟುವವರಿಗೆ ಜಾಗ ಕೊಟ್ಟಿತ್ತು. ಶಿರಾ, ಹಿರಿಯೂರು, ಚಿಕ್ಕನಾಯಕನಹಳ್ಳಿ ಕಡೆಯ ಕಾಡುಗೊಲ್ಲರು ಗಣೆ ಊದುತ್ತ ಹಾಡುವ ಜುಂಜಪ್ಪನ ಕಾವ್ಯವನ್ನೂ ಯಾರೂ ಪೇಟೆಯಿಂದ ತರಿಸಿಕೊಂಡಿರಲಿಲ್ಲ.

ಇನ್ನೊಂದು ತಕರಾರು ಹೆಚ್ಚು ತೂಕದ್ದು. ಊರವರ ಖರ್ಚು, ಊರವರ ವೇದಿಕೆ ಎನ್ನುವಾಗ ಊರು ಎಂದರೆ ಯಾರು? ಪಾತ್ರದ ದುಡ್ಡು ಕಟ್ಟಬಲ್ಲವರು ತೋಟವಿದ್ದವರು. ತೋಟದಲ್ಲಿ ಕಾಯಿ ಕೆಡವುವವರು, ಸುಲಿಯುವವರು ಚಾಪೆಯ ಕೊನೆಯಲ್ಲಿ ಕೂತು ನೋಡುವವರು. ತಮಟೆ, ಅರೆ ಇಲ್ಲದೆ ಈ ಸೀಮೆಯಲ್ಲಿ ದೇವರ ಮೆರವಣಿಗೆ ಹೊರಡುವುದಿಲ್ಲ, ಸೋಮನ ಕುಣಿತಕ್ಕೆ ಹೆಜ್ಜೆ ಬೀಳುವುದಿಲ್ಲ. ಆ ತಮಟೆ ಬಾರಿಸುವವರನ್ನು ಗುಡಿಯ ಒಳಗೆ ಬಿಡದ ಊರುಗಳ ಸುದ್ದಿ ಇವತ್ತಿಗೂ ಪತ್ರಿಕೆಯಲ್ಲಿ ಬರುತ್ತದೆ. ಹೆಂಗಸರ ಮಾತೂ ಹೀಗೆಯೇ. ದ್ರೌಪದಿ, ಕುಂತಿ, ರುಕ್ಮಿಣಿಯರ ಪಾತ್ರಕ್ಕೆ ಹೊರಗಿನಿಂದ ಸಂಭಾವನೆ ಕೊಟ್ಟು ಕಲಾವಿದೆಯರನ್ನು ಕರೆಸುವುದು ವಾಡಿಕೆ. ಎಲ್ಲ ನಾಟಕದ ಎಲ್ಲ ಪದ್ಯವೂ ಬಾಯಿಗೆ ಬರುವ, ತಾಲೀಮು ಇಲ್ಲದೆ ನೇರ ರಂಗಕ್ಕೆ ಇಳಿಯಬಲ್ಲ ಆ ಹೆಂಗಸರೇ ಇಡೀ ರಾತ್ರಿಯ ನಿಜವಾದ ಕಸುಬುದಾರರು, ಕರಪತ್ರದಲ್ಲಿ ಮಾತ್ರ ಕೊನೆಯ ಸಾಲಿನವರು. ಈಚಿನ ವರ್ಷಗಳಲ್ಲಿ ಹೆಂಗಸರೇ ಗದೆ ಹಿಡಿದು ಕುರುಕ್ಷೇತ್ರ ಆಡಿದ ತಂಡಗಳು ಎದ್ದಿರುವುದು ಸಂತೋಷದ ಸುದ್ದಿ, ಪದ್ಯ ಮಾತ್ರ ಅದೇ ಹಳೆಯದು. ಸ್ವಂತ ಖರ್ಚಿನ ಕಲೆ ತನ್ನಷ್ಟಕ್ಕೇ ಎಲ್ಲರದೂ ಆಗುವುದಿಲ್ಲ ಎಂಬ ಈ ಆಕ್ಷೇಪವನ್ನು ನಾನು ಒಪ್ಪುತ್ತೇನೆ. ಬಿಳಿಯ ಗಂಡುಹುಡುಗರ ಜಾತ್ರೆಯಾಗಿದ್ದ ಅಮೆರಿಕದ ಪಂಕ್ ಕೂಟಗಳ ಮೇಲೂ ಇದೇ ದೂರಿತ್ತು. 1991ರ ಹೊತ್ತಿಗೆ ಒಲಿಂಪಿಯಾ ಊರಿನ ಹುಡುಗಿಯರು ರಯಟ್ ಗರ್ಲ್ ಎಂದು ಬೇರೆಯೇ ಗುಂಪು ಕಟ್ಟಿದ್ದು ಅದಕ್ಕೇ.

ಆದರೆ ಅದೇ ತಮಟೆ ನಮ್ಮಲ್ಲಿ ಮಾತನ್ನೂ ಹೊತ್ತ ಕಾಲವೊಂದಿತ್ತು. ಇಸವಿಗಳನ್ನು ಅಕ್ಕಪಕ್ಕ ಇಟ್ಟರೆ ಆಶ್ಚರ್ಯವಾಗುತ್ತದೆ. ಸೆಕ್ಸ್ ಪಿಸ್ಟಲ್ಸ್ ಕೂಡಿದ 1975ರಲ್ಲೇ ಸಿದ್ಧಲಿಂಗಯ್ಯನವರ ‘ಹೊಲೆಮಾದಿಗರ ಹಾಡು’ ಬಂತು, ಸಮುದಾಯ ಎಂಬ ರಂಗತಂಡ ಹುಟ್ಟಿತು. ದಲಿತ ಸಂಘರ್ಷ ಸಮಿತಿ ಬೇರುಬಿಟ್ಟದ್ದೂ ಆ ವರ್ಷಗಳಲ್ಲೇ. ಬಿಹಾರದ ಬೆಲ್ಚಿಯ ಹತ್ಯಾಕಾಂಡ ನಡೆದದ್ದು 1977ರಲ್ಲಿ. ಅದನ್ನು ಹಿಡಿದು ಸಿ.ಜಿ. ಕೃಷ್ಣಸ್ವಾಮಿ ಆಡಿಸಿದ ‘ಬೆಲ್ಚಿ’ ಬೀದಿನಾಟಕ ಕರ್ನಾಟಕದ ಚೌಕಗಳನ್ನೆಲ್ಲ ಸುತ್ತಿತು. 1979ರಲ್ಲಿ ಸಮುದಾಯದ ಜಾಥಾ ಹಳ್ಳಿಗಳ ಕಡೆ ಹೊರಟಿತು, ಅದೇ ವರ್ಷ ಬಂಡಾಯ ಸಾಹಿತ್ಯ ಸಂಘಟನೆ ಕಣ್ತೆರೆಯಿತು. ಈ ಹುಡುಗರಿಗೆ ಮ್ಯಾಂಚೆಸ್ಟರಿನ ಸುದ್ದಿ ಗೊತ್ತಿರಲಿಲ್ಲ, ಗೊತ್ತಿರಬೇಕಾದ ಅಗತ್ಯವೂ ಇರಲಿಲ್ಲ. ಮೈಕಿಲ್ಲ, ವೇದಿಕೆಯಿಲ್ಲ, ತಮಟೆಯೊಂದಿದ್ದರೆ ಸಾಕು. ಎರಡು ಸಲ ಕೇಳಿದರೆ ಮೂರನೆಯ ಸಲ ಯಾರು ಬೇಕಾದರೂ ಹೇಳಿಕೊಡಬಹುದಾದ ಸರಳ ಮಟ್ಟು, ಅಂದಿನ ದಿನದ ಸಿಟ್ಟು. ಹಾಡಲು ಬರುವವನು ಬರದವನು ಎಂಬ ಭೇದವಿಲ್ಲ, ಗಂಟಲು ಒಡೆದರೂ ನಡೆಯುತ್ತದೆ. ಸೈಕ್ಲೋಸ್ಟೈಲ್ ಮಾಡಿದ ಹಾಡಿನ ಹಾಳೆ ಕೈಯಿಂದ ಕೈಗೆ ಹೋಗುತ್ತಿತ್ತು. ತುಮಕೂರು ಜಿಲ್ಲೆ ದಲಿತ ಚಳವಳಿಯ ಗಟ್ಟಿ ನೆಲೆಗಳಲ್ಲೊಂದು. ಕೆ.ಬಿ. ಸಿದ್ದಯ್ಯನವರಂಥ ಕವಿ ಅಲ್ಲಿ ಕಾರ್ಯಕರ್ತರೂ ಆಗಿದ್ದರು. ಖರ್ಚು ತಮ್ಮದು, ಮಾತು ತಮ್ಮದು. ನಮ್ಮ ಸೀಮೆಯ ಪಂಕ್ ಯಾವುದು ಎಂದು ಯಾರಾದರೂ ಹಟಹಿಡಿದು ಕೇಳಿದರೆ ಬೆರಳು ತೋರಿಸಬೇಕಾದದ್ದು ಇಲ್ಲಿಗೆ.

ಅದು ಏಕೆ ತಗ್ಗಿತು ಎಂಬುದಕ್ಕೆ ಚಳವಳಿ ಒಡೆಯಿತು ಎಂಬ ಸಿದ್ಧ ಉತ್ತರವಿದೆ. ಅರ್ಧ ಸರಿ. ದಲಿತ ಸಂಘರ್ಷ ಸಮಿತಿ ಬಣಗಳಾಗಿ ಹರಿದು ಹಂಚಿಹೋದ ಮೇಲೆ ಹಾಡಿಗಿದ್ದ ಕೂಟಗಳು ತಪ್ಪಿದವು. ಇನ್ನರ್ಧ ಕಾರಣ ಆ ಹಾಡುಗಳ ಯಶಸ್ಸೇ. ಒಳ್ಳೆಯ ದನಿಯ ಗಾಯಕರು ಅವನ್ನು ಎತ್ತಿಕೊಂಡರು, ಕ್ಯಾಸೆಟ್ಟು ಬಂದವು, ಸರ್ಕಾರಿ ಜಯಂತಿಗಳಲ್ಲಿ ಪ್ರಾರ್ಥನೆಯ ಜಾಗಕ್ಕೂ ಹೋರಾಟದ ಹಾಡು ಬಂದು ಕೂತಿತು. ಎಲ್ಲರಿಗೂ ಗೊತ್ತಿರುವ ಹಾಡಾಯಿತು, ಎಲ್ಲರೂ ಅದನ್ನೇ ಹಾಡಿದರು. ಹೊಸದನ್ನು ಕಟ್ಟುವ ಚಪಲ ಕಡಿಮೆಯಾಯಿತು. ಕಂದಪದ್ಯಕ್ಕೆ ಆದದ್ದೇ ಕ್ರಾಂತಿಗೀತೆಗೂ ಆಯಿತು. ಇವತ್ತಿಗೂ ಧರಣಿಯ ಶಾಮಿಯಾನದ ಕೆಳಗೆ ಕೇಳಿಬರುವುದು ಹೆಚ್ಚಾಗಿ ಎಪ್ಪತ್ತರ, ಎಂಬತ್ತರ ದಶಕದ ಹಾಡುಗಳೇ. ಕೊಬ್ಬರಿ 8 ಸಾವಿರಕ್ಕೆ ಬಿದ್ದ ವರ್ಷದ ಸಿಟ್ಟಿಗೆ ಆ ವರ್ಷದ್ದೇ ಆದ, ಊರೂರಿನ ನಾಲಿಗೆಗೆ ಹತ್ತಿದ ಹಾಡು ಯಾವುದು? ಚಳವಳಿಗೆ ಭಾಷಣಕಾರರ ಕೊರತೆ ಯಾವತ್ತೂ ಆಗಿಲ್ಲ, ಹಾಡು ಕಟ್ಟುವವರ ಕೊರತೆಯನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ.

ಮಾತು ತಮ್ಮದಾಗಿರಬೇಕೆಂಬ ಹಟವನ್ನು ಉಳಿಸಿಕೊಂಡವರು ಬೆಂಗಳೂರಿನ ರಾಕ್ ಹುಡುಗರು. ನಿಜವಾದ ಪಂಕ್ ತಂಡಗಳು ಅಲ್ಲಿ ಬೆರಳೆಣಿಕೆಯಷ್ಟು, ಭೂಗತ ಸಂಗೀತದ ಭಾರ ಹೊತ್ತದ್ದು ಮೆಟಲ್ ತಂಡಗಳು. ಎಂಬತ್ತರ ದಶಕದ ಕಾಲೇಜು ಉತ್ಸವಗಳಲ್ಲಿ ವಿದೇಶಿ ತಂಡದ ಹಾಡನ್ನು ಯಥಾವತ್ತು ನುಡಿಸುವವನೇ ಶೂರ. ಅಲ್ಲಿಯೂ ಕುರುಕ್ಷೇತ್ರದ ನ್ಯಾಯವೇ ನಡೆಯುತ್ತಿತ್ತು, ಅಳತೆಗೋಲು ಮಾತ್ರ ಲಂಡನ್ನಿನದು. ತೊಂಬತ್ತರ ದಶಕದಲ್ಲಿ ಅದು ತಿರುಗಿತು. 1996ರಲ್ಲಿ ಕೂಡಿದ ಥರ್ಮಲ್ ಅಂಡ್ ಎ ಕ್ವಾರ್ಟರ್ ತಂಡ ಸ್ವಂತ ಹಾಡಿಗೆ ಅಂಟಿಕೊಂಡಿತು. ಆಗಸ್ಟ್ 15ರ ಸುಮಾರಿಗೆ ನಡೆಯುತ್ತಿದ್ದ ಸಂಗೀತೋತ್ಸವವಾದ ಫ್ರೀಡಂ ಜಾಮ್‌ನಲ್ಲಿ ಹೊಸ ತಂಡಗಳಿಗೆ ಬಾಗಿಲು ತೆರೆದಿತ್ತು. 1998ರಲ್ಲಿ ಹುಟ್ಟಿದ ಕ್ರಿಪ್ಟೋಸ್ ಎಂಬ ಮೆಟಲ್ ತಂಡ ಸಿನಿಮಾದ ಹಂಗಿಲ್ಲದೆ ಬೆಳೆದು 2013ರಲ್ಲಿ ಜರ್ಮನಿಯ ವಾಕನ್ ಉತ್ಸವದಲ್ಲಿ ನುಡಿಸಿತು. ಸ್ವಂತ ಹಾಡಿಲ್ಲದಿದ್ದರೆ ಮರ್ಯಾದೆಯಿಲ್ಲ ಎಂಬ ಒಂದು ಕಟ್ಟಳೆ ಇಡೀ ಬಳಗದ ರುಚಿಯನ್ನೇ ಬದಲಿಸಿತು. ಕಟ್ಟಳೆ ಬರೆದಿಟ್ಟವರಿಲ್ಲ, ಕೇಳುವವರು ಹಾಗೆ ಬಯಸಿದರು, ಅಷ್ಟೆ. ಕೇಳುವವರ ರುಚಿ ಬದಲಾದರೆ ಹಾಡುವವರು ಬದಲಾಗುತ್ತಾರೆ ಎಂಬುದಕ್ಕೆ ಇದಕ್ಕಿಂತ ಹತ್ತಿರದ ಸಾಕ್ಷಿ ನಮಗೆ ಬೇಕಿಲ್ಲ.

ಅವರೆಲ್ಲ ಇಂಗ್ಲಿಷಿನವರು, ಉಳ್ಳವರ ಮಕ್ಕಳು, ಅವರಿಂದ ಕಲಿಯುವುದೇನು ಎಂಬ ಮಾತು ಬರುತ್ತದೆ. ಆ ದೂರಿನಲ್ಲಿ ಹುರುಳಿದೆ. ಬೇವರ್ ಸೀ ಎಂದು ನಮ್ಮ ಬೀದಿಯ ಬೈಗುಳವನ್ನೇ ಹೆಸರಾಗಿ ಇಟ್ಟುಕೊಂಡು 2012ರಲ್ಲಿ ಮೊದಲ ಆಲ್ಬಮ್ ತಂದ ತಂಡ ಕೂಡ ಹಾಡಿದ್ದು ಇಂಗ್ಲಿಷಿನಲ್ಲಿ. ಬೈಗುಳಕ್ಕೆ ಕನ್ನಡ ಸಾಕು, ಹಾಡಿಗೆ ಸಾಲದು ಎಂದರೆ ಏನರ್ಥ? ಕನ್ನಡಕ್ಕೆ ತಿರುಗಿದ ರಘು ದೀಕ್ಷಿತ್ ಶಿಶುನಾಳ ಶರೀಫರನ್ನು ಹಾಡಿ ಗೆದ್ದರು. ಅದು ಚೆಂದ, ಆದರೆ ಅಲ್ಲಿಯೂ ಮಾತು ಹತ್ತೊಂಬತ್ತನೇ ಶತಮಾನದ್ದು. ಈ ಗಂಟನ್ನು ಬಿಡಿಸಿದವರು ರ‍್ಯಾಪ್ ಹುಡುಗರು. ಎಂಸಿ ಬಿಜ್ಜು, ರಾಹುಲ್ ಡಿಟ್-ಓ, ಗುಬ್ಬಿ ಎಂಬ ಹೆಸರಿನವರ ಕನ್ನಡ ಬೀದಿಯದು, ಬೈಗುಳವೂ ಹಾಡೂ ಒಂದೇ ನಾಲಿಗೆಯವು. ರ‍್ಯಾಪಿಗೆ ರಾಗ ಬೇಡ, ವಾದ್ಯವೂ ಬೇಡ, ಮೊಬೈಲಿನಲ್ಲೊಂದು ತಾಳ ಸಿಕ್ಕರೆ ಸಾಕು. ಚೆನ್ನೈಯಲ್ಲಿ 2018ರ ಜನವರಿಯಲ್ಲಿ ಮೊದಲ ಕಛೇರಿ ಕೊಟ್ಟ ಕ್ಯಾಸ್ಟ್‌ಲೆಸ್ ಕಲೆಕ್ಟಿವ್ ಇನ್ನೂ ಒಂದು ಹೆಜ್ಜೆ ಮುಂದಿಟ್ಟು, ಸಾವಿನ ಮನೆಯ ಗಾನಾ ಹಾಡನ್ನೂ ಪರೈ ವಾದ್ಯವನ್ನೂ ಗಿಟಾರಿನ ಪಕ್ಕ ನಿಲ್ಲಿಸಿ ಜಾತಿಯ ಬಗ್ಗೆ ನೇರವಾಗಿ ಹಾಡಿತು. ತಮಿಳುನಾಡಿನಲ್ಲಿ ಪರೈ ಇದ್ದಂತೆ ನಮ್ಮಲ್ಲಿ ತಮಟೆ ಇದೆ, ಅರೆ ಇದೆ. ಅಲ್ಲಿ ಪಾ. ರಂಜಿತ್ ಅವರಂಥ ಸಿನಿಮಾ ನಿರ್ದೇಶಕರ ಬೆಂಬಲವಿತ್ತು ಎನ್ನಬಹುದು. ಬೆಂಬಲಕ್ಕೆ ದೊಡ್ಡ ಹೆಸರೇ ಬೇಕು ಎಂಬುದನ್ನು ಮಾತ್ರ ಪೌರಾಣಿಕ ನಾಟಕದವರ ಮುಂದೆ ಹೇಳಲಾಗದು. ಯಾರ ಬೆಂಬಲವೂ ಇಲ್ಲದೆ ಹದಿನೆಂಟು ಅಕ್ಷೋಹಿಣಿ ಸೈನ್ಯ ನಿಲ್ಲಿಸುವವರು ಅವರು.

ಈಗ ಎಲ್ಲರ ಕೈಯಲ್ಲೂ ಫೋನಿದೆ, ಯೂಟ್ಯೂಬಿದೆ, ಇನ್ನೇನು ಬೇಕು ಎಂಬುದು ಇಂದಿನ ದೊಡ್ಡ ವಾದ. ಹೋಬಳಿ ಮಟ್ಟದ ನಾಟಕವೂ ಇಂದು ರಾತ್ರಿಯಿಡೀ ನೇರಪ್ರಸಾರವಾಗುತ್ತದೆ. ಒಂದು ಕೋಣೆ, ಒಂದು ಮೈಕು ಇದ್ದರೆ ಹಾಡು ಲೋಕಕ್ಕೆ ತಲುಪುತ್ತದೆ, ಬಜ್‌ಕಾಕ್ಸ್ ಎತ್ತಿದ 500 ಪೌಂಡು ಸಾಲವೂ ಬೇಡ. ಖರ್ಚಿನ ಮಟ್ಟಿಗೆ ಈ ವಾದ ಗಟ್ಟಿ. ಆದರೆ ಯಾವ ಊರಿನ ಸಂಗೀತವೂ ಬರೀ ರೆಕಾರ್ಡಿನಿಂದ ಬೆಳೆದಿಲ್ಲ. ಮೊದಲ ಸಲ ಕೆಟ್ಟದಾಗಿ ಹಾಡಲು, ಎದುರಿಗೆ ಕೂತವರ ಮುಖ ಓದಲು, ಅದೇ ಜನರ ಮುಂದೆ ಮುಂದಿನ ಸಲ ಸುಧಾರಿಸಲು ಒಂದು ಜಾಗ ಬೇಕು. ಫೋನಿನ ಮುಂದೆ ಹಾಡುವವನಿಗೆ ಸಿಗುವುದು ಎಣಿಕೆ, ಮುಖವಲ್ಲ. ಆ ಎಣಿಕೆಯನ್ನು ಏರಿಸಲು ಅವನು ಈಗಾಗಲೇ ಓಡುತ್ತಿರುವ ಹಾಡನ್ನೇ ಹಿಡಿಯುತ್ತಾನೆ. ಊರಿನ ಸುದ್ದಿಯನ್ನು ಊರಿನ ಮಾತಿನಲ್ಲಿ ಹಾಡಿದರೆ ಮೆಚ್ಚಬೇಕಾದ ಮುನ್ನೂರು ಜನ ಪಕ್ಕದ ಬೀದಿಯಲ್ಲೇ ಇದ್ದರೂ, ಹಾಡು ಮೊದಲು ಹೋಗುವುದು ಗುರುತಿಲ್ಲದವರ ಪರದೆಗೆ. ಇಲ್ಲಿಯೂ ಖರ್ಚು ತನ್ನದು, ರುಚಿ ಮಾತ್ರ ಇನ್ನೊಬ್ಬರದು. ಕಂಪನಿ ನಾಟಕದ ಜಾಗಕ್ಕೆ ಬೇರೆ ಕಂಪನಿ ಬಂದಿದೆ.

ಹಾಗಾಗಿ ಈ ಸೀಮೆಗೆ ಬೇಕಾದದ್ದು ಗಿಟಾರೂ ಅಲ್ಲ, ಅಕಾಡೆಮಿಯ ಅನುದಾನವೂ ಅಲ್ಲ. ಇರುವ ವೇದಿಕೆಯಲ್ಲಿ ಹೊಸ ಮಾತಿಗೆ ಒಂದಿಷ್ಟು ಹೊತ್ತು. ಆ ಹೊತ್ತು ಕೂಡ ಇದೆ. ಕರಪತ್ರದಲ್ಲಿ ನಾಟಕ ರಾತ್ರಿ 8 ಗಂಟೆಗೆ ಎಂದಿರುತ್ತದೆ, ಪರದೆ ಏಳುವಾಗ ಸಲೀಸಾಗಿ 10 ಆಗುತ್ತದೆ. ಬಣ್ಣ ಮುಗಿದಿರುವುದಿಲ್ಲ, ಮುಖ್ಯ ಅತಿಥಿ ಬಂದಿರುವುದಿಲ್ಲ. ಮೈಕ್‌ಸೆಟ್ಟಿಗೆ ಇಡೀ ರಾತ್ರಿಯ ಬಾಡಿಗೆ ಸಂದಾಯವಾಗಿದೆ, ತಬಲ, ಹಾರ್ಮೋನಿಯಂ, ರಿದಂ ಪ್ಯಾಡು ಸಿದ್ಧವಾಗಿವೆ, ಚಾಪೆಯ ಮೇಲೆ ಜನ ಕೂತಾಗಿದೆ. ಈಗ ಆ ಎರಡು ಗಂಟೆಯನ್ನು ಸಿನಿಮಾ ಹಾಡಿನ ರೆಕಾರ್ಡು ಮತ್ತು ಸನ್ಮಾನದ ಭಾಷಣ ತಿನ್ನುತ್ತವೆ. ಅದರಲ್ಲಿ ಅರ್ಧ ಗಂಟೆ ತೆಗೆದು ಊರಿನ ಹುಡುಗ ಹುಡುಗಿಯರಿಗೆ ಕೊಟ್ಟರೆ ಯಾರಿಗೂ ಒಂದು ಪೈಸೆ ಹೆಚ್ಚು ಖರ್ಚಿಲ್ಲ. ಷರತ್ತು ಒಂದೇ ಇರಲಿ, ಕಟ್ಟಿದ್ದು ನಿಮ್ಮದೇ ಆಗಿರಬೇಕು. ರ‍್ಯಾಪಾದರೂ ಸರಿ, ಸೋಬಾನೆಯ ಮಟ್ಟಾದರೂ ಸರಿ, ತಮಟೆಯ ಮೇಲಾದರೂ ಸರಿ. ಹಾರ್ಮೋನಿಯಂ ಮೇಷ್ಟ್ರು ಗೊಣಗುತ್ತಾರೆ, ಆದರೆ ಶ್ರುತಿ ತಪ್ಪಿದರೆ ತಡೆಯಲಾರದೆ ಹಿಂದಿನಿಂದ ಮನೆ ತೋರಿಸಿಕೊಡುವವರೂ ಅವರೇ. ಜಗಳ ಏಳುವುದು ಬೇರೆ ಕಡೆ. ಆ ಅರ್ಧ ಗಂಟೆ ಮೊದಲು ಯಾರಿಗೆ, ದುರ್ಯೋಧನನ ಪಾತ್ರಕ್ಕೆ ದುಡ್ಡು ಕಟ್ಟಿದವರ ಮಗನಿಗೋ, ದಲಿತರ ಕಾಲೋನಿಯಿಂದ ತಮಟೆ ಹಿಡಿದು ಬಂದವರಿಗೋ? ಕಾಲೋನಿಯವರು ಈ ಊರಿನ ಕೆರೆ, ಗುಡಿ, ಕೂಲಿಯ ಬಗ್ಗೆ ಹಾಡಿದರೆ ಮುಂದಿನ ಸಾಲಿನವರು ಕೂತು ಕೇಳುತ್ತಾರೋ, ಮೈಕಿನ ವೈರು ಕೀಳಿಸುತ್ತಾರೋ? ನಾಟಕ ಸಮಿತಿಗಳು ಇದನ್ನು ತಾಲೀಮಿನ ಮೊದಲ ರಾತ್ರಿಯೇ, ಪಾತ್ರ ಹಂಚುವ ಮುಂಚೆ, ಇತ್ಯರ್ಥ ಮಾಡಿಕೊಳ್ಳುವುದು ಮೇಲು.